ಹತ್ತನೇ ನಂಬರಿನ ಕೈಗವಸು

ಕಾರ್ಖಾನೆಗಳ ಸುರಕ್ಷತಾ ತಪಾಸಣೆಗೆ ಹೋದಾಗ ನಾನು ಯಂತ್ರಗಳ ಬಳಿಗೆ ಹೋಗುವ ಮುನ್ನ ಸ್ಟೋರ್ಸಿನ ದಾಸ್ತಾನು ಪುಸ್ತಕವನ್ನು ಕೇಳುತ್ತೇನೆ. ಕೈಗವಸು ಒಂಬತ್ತು ಮತ್ತು ಹತ್ತನೇ ನಂಬರಿನದು ಮಾತ್ರ, ಸೇಫ್ಟಿ ಶೂ ಆರನೇ ನಂಬರಿನಿಂದ ಮೇಲಿನದು ಮಾತ್ರ ಎಂದು ಅದರಲ್ಲಿ ಕಂಡರೆ, ಆ ಕಾರ್ಖಾನೆಯಲ್ಲಿ ಯಾರ ಮೈಯನ್ನು ಅಳತೆಗಿಟ್ಟುಕೊಂಡು ಕೆಲಸವನ್ನು ರೂಪಿಸಿದ್ದಾರೆ ಎಂಬುದು ಅಲ್ಲಿಯೇ ತಿಳಿದುಬಿಡುತ್ತದೆ.

ಕೆಲವು ವರ್ಷಗಳ ಹಿಂದೆ ಪೀಣ್ಯದ ಒಂದು ಕಾರ್ಖಾನೆಯವರು ಐಟಿಐನಲ್ಲಿ ಫಿಟ್ಟರ್ ತರಬೇತಿ ಮುಗಿಸಿದ ಮೂವರು ಯುವತಿಯರನ್ನು ಜೋಡಣಾ ವಿಭಾಗಕ್ಕೆ ತೆಗೆದುಕೊಂಡಿದ್ದರು. ತಿಂಗಳು ತುಂಬುವ ಮೊದಲೇ ಸೂಪರ್‌ವೈಸರ್, "ಹುಡುಗಿಯರು ಒಳ್ಳೆಯವರೇ ಮೇಡಂ, ಆದರೆ ಕೈ ಹಿಡಿತ ಸಾಲದು" ಎಂದರು. ನಾನು ಅರ್ಧ ಗಂಟೆ ಅಲ್ಲಿಯೇ ನಿಂತು ನೋಡಿದೆ. ಅವರಿಗೆ ಕೊಟ್ಟಿದ್ದುದು ಹತ್ತನೇ ನಂಬರಿನ ಕೈಗವಸು. ಬೆರಳ ತುದಿಯಾಚೆ ಬಟ್ಟೆ ಖಾಲಿಯಾಗಿ ಜೋಲುತ್ತಿದ್ದುದರಿಂದ ನಟ್ಟು ಬೆರಳಿಗೆ ಸಿಗುತ್ತಿರಲಿಲ್ಲ. ಬೇಸತ್ತು ಕೈಗವಸನ್ನು ಕಳಚಿಟ್ಟು, ಅಂಚು ಹರಿತವಾಗಿದ್ದ ಬಿಡಿಭಾಗಗಳನ್ನು ಅವರು ಬರಿಗೈಯಲ್ಲೇ ಹಿಡಿಯುತ್ತಿದ್ದರು. ಏಳನೇ ನಂಬರಿನದನ್ನು ತರಿಸಿದ ಮೇಲೆ ಹಿಡಿತದ ಮಾತು ನಿಂತಿತು. (ತಿರುಗುವ ಡ್ರಿಲ್ಲಿಂಗ್ ಯಂತ್ರದ ಮುಂದೆ ಯಾವ ನಂಬರಿನ ಕೈಗವಸನ್ನೂ ಧರಿಸಬಾರದು, ಅದು ಕೈಯನ್ನೇ ಒಳಗೆಳೆದುಕೊಳ್ಳುತ್ತದೆ. ಈ ಮಾತನ್ನು ಗಂಡಸರಿಗೂ ನಾನು ಇನ್ನೂ ಹೇಳುತ್ತಲೇ ಇದ್ದೇನೆ.) ಮೂವರಲ್ಲಿ ಒಬ್ಬಳು ಆರು ತಿಂಗಳಿಗೆ ಕೆಲಸ ಬಿಟ್ಟಳು. ಎರಡನೇ ಶಿಫ್ಟ್ ಮುಗಿಯುವ ಹೊತ್ತಿಗೆ ಅವಳ ಊರಿನ ಕಡೆಗೆ ಬಸ್ಸು ಇರುತ್ತಿರಲಿಲ್ಲ. ಅದಕ್ಕೆ ನನ್ನ ಬಳಿ ಯಾವ ಮದ್ದೂ ಇರಲಿಲ್ಲ.

ಅಪಾಯವನ್ನು ನಿಭಾಯಿಸುವುದಕ್ಕೆ ನಮ್ಮ ವೃತ್ತಿಯಲ್ಲಿ ಒಂದು ಕ್ರಮವಿದೆ. ಮೊದಲು ಅಪಾಯವನ್ನೇ ತೆಗೆದುಹಾಕಲು ನೋಡಬೇಕು. ಅದು ಆಗದಿದ್ದರೆ ಕಡಿಮೆ ಅಪಾಯದ ವಸ್ತುವನ್ನೋ ವಿಧಾನವನ್ನೋ ಹುಡುಕಬೇಕು. ಬಳಿಕ ಯಂತ್ರಕ್ಕೆ ಗಾರ್ಡ್, ಹೊಗೆಗೆ ಎಕ್ಸಾಸ್ಟ್. ಆಮೇಲೆ ಕೆಲಸದ ಅವಧಿ ಮತ್ತು ತರಬೇತಿ. ಕಟ್ಟಕಡೆಗೆ ಹೆಲ್ಮೆಟ್ಟು, ಮಾಸ್ಕು, ಕೈಗವಸು. ಅಪಾಯವನ್ನು ಇದ್ದಲ್ಲಿಯೇ ಬಿಟ್ಟು ಮನುಷ್ಯರಲ್ಲಿ ಒಂದು ಗುಂಪನ್ನು ಹೊರಗಿಡುವುದು ಈ ಕ್ರಮದ ಯಾವ ಮೆಟ್ಟಿಲಿನಲ್ಲಿಯೂ ಇಲ್ಲ. ಆದರೂ 'ಹೆಂಗಸರಿಗೆ ಆಗದ ಕೆಲಸ' ಎಂದು ನಮ್ಮಲ್ಲಿ ಹೆಸರಾದ ಎಷ್ಟೋ ಕೆಲಸಗಳಲ್ಲಿ ನಡೆದಿರುವುದು ಅದೇ ಆಗಿದೆ.

1948ರ ಕಾರ್ಖಾನೆಗಳ ಅಧಿನಿಯಮದ 22ನೇ ಕಲಮನ್ನು ನೋಡಿ. ಓಡುತ್ತಿರುವ ಯಂತ್ರವನ್ನು ಪರೀಕ್ಷಿಸಲೇಬೇಕಾಗಿ ಬಂದರೆ ಆ ಕೆಲಸವನ್ನು ವಿಶೇಷ ತರಬೇತಿ ಪಡೆದ, ಬಿಗಿಯಾದ ಉಡುಪು ಧರಿಸಿದ ವಯಸ್ಕ ಪುರುಷ ಕಾರ್ಮಿಕನೇ ಮಾಡಬೇಕೆಂದು ಅದು ಹೇಳಿತು. ಆ ಉಡುಪನ್ನು ಕಾರ್ಖಾನೆಯವರೇ ಕೊಡಬೇಕೆಂದೂ ಹೇಳಿತು. ಅದೇ ಕಲಮಿನ ಎರಡನೇ ಉಪಕಲಮಿನಲ್ಲಿ, ಚಲಿಸುತ್ತಿರುವ ಚಾಲಕ ಯಂತ್ರಕ್ಕೆ (ಉಳಿದ ಯಂತ್ರಗಳನ್ನು ಓಡಿಸುವ ಯಂತ್ರಕ್ಕೆ) ಎಣ್ಣೆ ಹಾಕುವ, ಅದನ್ನು ಒರೆಸುವ ಕೆಲಸದಿಂದ ಮಹಿಳೆಯರನ್ನೂ ಎಳೆಯರನ್ನೂ ಒಟ್ಟಿಗೆ ದೂರವಿಟ್ಟಿತು. ಆ ಕಾಲದ ಕಾರ್ಖಾನೆಯಲ್ಲಿ ಒಂದೇ ಶಾಫ್ಟಿನಿಂದ ಹತ್ತಾರು ಯಂತ್ರಗಳಿಗೆ ಬೆಲ್ಟುಗಳು ಬಯಲಿನಲ್ಲಿಯೇ ಹಾಯುತ್ತಿದ್ದವು ಎಂಬುದನ್ನೂ ಸೆರಗು ಅದಕ್ಕೆ ಸಿಕ್ಕಿದರೆ ಏನಾಗುತ್ತಿತ್ತು ಎಂಬುದನ್ನೂ ನೆನೆದರೆ, ಕಾನೂನು ಬರೆದವರ ಭಯ ಸುಳ್ಳಾಗಿರಲಿಲ್ಲ ಎನ್ನಬೇಕು. ಅದಕ್ಕೆ ಪರಿಹಾರವೂ ಅವರಿಗೆ ತಿಳಿದಿತ್ತು: ಬಿಗಿ ಉಡುಪು, ತರಬೇತಿ. ಅದನ್ನು ಅವರು ಗಂಡಸರಿಗೆ ಮಾತ್ರ ಕೊಟ್ಟರು.

ಹತ್ತಿ ಒತ್ತುವ ಕಾರ್ಖಾನೆಗಳ ಕುರಿತ 27ನೇ ಕಲಮಿನದೂ ಇದೇ ಕಥೆ. ಹತ್ತಿ ಬಿಡಿಸುವ ಯಂತ್ರ ಓಡುತ್ತಿರುವ ಕಡೆ ಮಹಿಳೆಯರನ್ನೂ ಮಕ್ಕಳನ್ನೂ ನೇಮಿಸಬಾರದೆಂದ ಅದೇ ಕಲಮು, ಯಂತ್ರಕ್ಕೆ ಹತ್ತಿ ಹಾಕುವ ತುದಿಯನ್ನು ಗೋಡೆ ಕಟ್ಟಿ ಬೇರ್ಪಡಿಸಿದರೆ ಆ ತುದಿಯಿರುವ ಈಚೆ ಬದಿಯಲ್ಲಿ ಮಹಿಳೆಯರು ದುಡಿಯಬಹುದೆಂದು ಸಡಿಲಿಸಿತು. ಆಚೆ ಬದಿಯಲ್ಲಿ ಉಳಿದವನ ಗತಿಯ ಬಗ್ಗೆ ಅಲ್ಲಿ ಮಾತಿಲ್ಲ.

ಸೀಸದ ವಿಷಯದಲ್ಲಿ ಇದು ಇನ್ನೂ ಸ್ಪಷ್ಟವಾಗುತ್ತದೆ. ಅಪಾಯಕಾರಿ ಪ್ರಕ್ರಿಯೆಗಳಿಂದ ಮಹಿಳೆಯರನ್ನು ಹೊರಗಿಡುವ ಅಧಿಕಾರವನ್ನು 87ನೇ ಕಲಮು ರಾಜ್ಯ ಸರ್ಕಾರಗಳಿಗೆ ಕೊಟ್ಟಿತ್ತು. ಸೀಸವು ಗರ್ಭಸ್ಥ ಶಿಶುವಿಗೆ ಹಾನಿ ಮಾಡುತ್ತದೆ, ನಿಜ. ಆದರೆ ಅದು ಗಂಡಸಿನ ವೀರ್ಯದ ಗುಣಮಟ್ಟವನ್ನೂ ಕೆಡಿಸುತ್ತದೆ. ಮೂತ್ರಪಿಂಡ, ನರಮಂಡಲ, ರಕ್ತದೊತ್ತಡಗಳ ಮೇಲೆ ಅದರ ಪೆಟ್ಟು ಇಬ್ಬರಿಗೂ ಬೀಳುತ್ತದೆ. 1991ರಲ್ಲಿ ಅಮೆರಿಕದ ಸುಪ್ರೀಂ ಕೋರ್ಟು, ಹೆರುವ ಸಾಮರ್ಥ್ಯವುಳ್ಳ ಮಹಿಳೆಯರನ್ನು ಸೀಸದ ಕೆಲಸದಿಂದ ಹೊರಗಿಟ್ಟಿದ್ದ ಬ್ಯಾಟರಿ ಕಂಪನಿಯೊಂದರ ನಿಯಮವನ್ನು ತಾರತಮ್ಯವೆಂದು ತಳ್ಳಿಹಾಕಿತು. ಸುರಕ್ಷತಾ ಅಧಿಕಾರಿಯಾದ ನನಗೆ ಅದರಲ್ಲಿ ಮುಖ್ಯವಾಗಿ ಕಾಣುವುದು ಬೇರೆಯೇ ಒಂದು ಸಂಗತಿ: ಮಹಿಳೆಯರು ಹೊರಗುಳಿದ ವಿಭಾಗದಲ್ಲಿ ಗಾಳಿಯಲ್ಲಿರುವ ಸೀಸವನ್ನು ಇಳಿಸಲು ಯಾರಿಗೂ ಅವಸರವಿರುವುದಿಲ್ಲ.

ಎತ್ತರದಲ್ಲಿ ಕೆಲಸ ಮಾಡುವವರು ಮೈಗೆ ಬಿಗಿದುಕೊಳ್ಳುವ ಸುರಕ್ಷತಾ ಪಟ್ಟಿ, ಅಂದರೆ ಹಾರ್ನೆಸ್, ತೊಡೆ ಮತ್ತು ಎದೆಯ ಬಳಿ ಸಡಿಲವಾಗಿದ್ದರೆ, ಬಿದ್ದಾಗ ಆ ವ್ಯಕ್ತಿ ಅದರೊಳಗಿಂದ ಜಾರಬಹುದು. ಮಾಸ್ಕಿನ ಅಂಚು ಮುಖಕ್ಕೆ ಕೂರದಿದ್ದರೆ ದೂಳು ಪಕ್ಕದಿಂದ ಒಳಗೆ ಬರುತ್ತದೆ. ಅಂಥ ಮಾಸ್ಕು ಧರಿಸಿದವರಿಗೆ ರಕ್ಷಣೆಯಿದೆಯೆಂಬ ಭ್ರಮೆ ಮಾತ್ರ ಉಳಿಯುತ್ತದೆ. ನಿಂತು ಮಾಡುವ ಕೆಲಸದ ಮೇಜು ಮೊಣಕೈಗಿಂತ ತುಸು ಕೆಳಗಿರಬೇಕು. ಎತ್ತರದ ಗಂಡಸಿಗೆಂದು ಮಾಡಿಸಿದ ಮೇಜಿನ ಮುಂದೆ ದಿನವಿಡೀ ಭುಜ ಎತ್ತಿಕೊಂಡು ನಿಂತವಳಿಗೆ ನೋವು ಬಂದರೆ ಅದನ್ನು 'ಹೆಂಗಸಿನ ಬಲಹೀನತೆ' ಎಂದು ಬರೆದುಕೊಳ್ಳುತ್ತಾರೆ. ಇನ್ನು ಶೌಚಾಲಯದ ಮಾತು. ಹತ್ತಿರದಲ್ಲಿ ಶೌಚಾಲಯವಿಲ್ಲದ ಕಡೆ ಹೆಣ್ಣುಮಕ್ಕಳು ನೀರು ಕುಡಿಯುವುದನ್ನೇ ಕಡಿಮೆ ಮಾಡುತ್ತಾರೆ. ಎರಕದ ಕಾರ್ಖಾನೆಯಂಥ ಕಾದ ಜಾಗದಲ್ಲಿ ಇದು ಮೂತ್ರದ ಸೋಂಕಿಗೆ ನಿಲ್ಲದೆ, ಮೈ ಬಿಸಿಯೇರಿ ಕುಸಿದು ಬೀಳುವಲ್ಲಿಗೆ ಮುಟ್ಟಬಹುದು. ಅಪಘಾತದ ವರದಿಯಲ್ಲಿ ಕಾರಣವೆಂದು ಶೌಚಾಲಯದ ಹೆಸರು ಬಂದಿರುವುದನ್ನು ನಾನು ಕಂಡಿಲ್ಲ.

ಕಾನೂನು ಈಗ ಬದಲಾಗಿದೆ. ಸಂಜೆ 7ರಿಂದ ಬೆಳಿಗ್ಗೆ 6ರವರೆಗೆ ಕಾರ್ಖಾನೆಗಳಲ್ಲಿ ಮಹಿಳೆಯರ ದುಡಿಮೆಯನ್ನು ತಡೆದಿದ್ದ 66ನೇ ಕಲಮನ್ನು ಮದ್ರಾಸ್ ಹೈಕೋರ್ಟು 2000ದಲ್ಲಿ ಅಸಾಂವಿಧಾನಿಕವೆಂದಿತು. ಕರ್ನಾಟಕವು 2023ರ ತಿದ್ದುಪಡಿಯ ಮೂಲಕ ಷರತ್ತುಗಳೊಂದಿಗೆ ರಾತ್ರಿ ಪಾಳಿಗೆ ಅವಕಾಶ ಕೊಟ್ಟಿತು. 2019ರಲ್ಲಿ ನೆಲದಡಿಯ ಗಣಿಗಳಿಗೂ ಮಹಿಳೆಯರು ಇಳಿಯುವಂತಾಯಿತು. 2025ರ ನವೆಂಬರ್ 21ರಿಂದ ಜಾರಿಯಾದ ಔದ್ಯೋಗಿಕ ಸುರಕ್ಷತಾ ಸಂಹಿತೆಯು ಎಲ್ಲ ಬಗೆಯ ಕೆಲಸಕ್ಕೂ ಮಹಿಳೆಯರು ಅರ್ಹರು ಎಂದಿದೆ. ಕೆಲಸ ಅಪಾಯಕಾರಿ ಎನಿಸಿದರೆ ತಕ್ಕ ರಕ್ಷಣೆ ಒದಗಿಸುವಂತೆ ಮಾಲೀಕರಿಗೆ ಸರ್ಕಾರ ಹೇಳಬಹುದು ಎಂದೂ ಅದರಲ್ಲಿದೆ. ನಮ್ಮ ವೃತ್ತಿಯ ಕ್ರಮ ಕಾನೂನಿನ ಮಾತಿನಲ್ಲಿ ಬರಲು ಇಷ್ಟು ಕಾಲ ಹಿಡಿಯಿತು.

ರಾತ್ರಿ ಪಾಳಿಗೆ ಮಾತ್ರ ಮಹಿಳೆಯ ಒಪ್ಪಿಗೆ ಬೇಕು. ಈ ಒಪ್ಪಿಗೆಯನ್ನು ಹೇಗೆ ಪಡೆಯುತ್ತಾರೆಂಬುದು ಇತ್ತೀಚೆಗೆ ನನ್ನ ತಪಾಸಣೆಯ ಭಾಗವಾಗಿದೆ. ಸ್ಟೋರ್ಸಿನ ಪುಸ್ತಕವನ್ನು ನೋಡಿದ ಬಳಿಕ ಒಪ್ಪಿಗೆ ಪತ್ರಗಳ ಕಡತವನ್ನು ತರಿಸಿ, ಪ್ರತಿ ಪತ್ರದ ದಿನಾಂಕವನ್ನು ನೇಮಕಾತಿ ಆದೇಶದ ದಿನಾಂಕದೊಂದಿಗೆ ಹೋಲಿಸುತ್ತೇನೆ. ಎರಡೂ ಒಂದೇ ದಿನದವಾಗಿದ್ದು, ಮುದ್ರಿತ ನಮೂನೆಯ ಕೆಳಗೆ ಸಹಿ ಮಾತ್ರ ಇದ್ದರೆ, ಅದನ್ನು ಒಪ್ಪಿಗೆಯೆಂದು ನನ್ನ ವರದಿಯಲ್ಲಿ ಬರೆಯುವುದಿಲ್ಲ.