ಟ್ಯೂನೇ ಇಲ್ಲದ ಸಿನಿಮಾದಲ್ಲಿ ಸಂಗೀತ ನಿರ್ದೇಶಕರಿಗೆ ಏನು ಕೆಲಸ?

ಓದುಗರ ಪ್ರಶ್ನೆ: ರಷ್ಯಾದ ನಿರ್ದೇಶಕ ತರ್ಕೋವ್‌ಸ್ಕಿಯ ‘ಸೋಲಾರಿಸ್’, ‘ಸ್ಟಾಕರ್’ ಎರಡೂ ನೋಡಿದೆ. ಸಂಗೀತ ಎಡುವರ್ಡ್ ಆರ್ತೆಮ್ಯೆವ್ ಅಂತ ಟೈಟಲ್‌ನಲ್ಲಿ ಬರುತ್ತೆ. ಆದರೆ ಸಿನಿಮಾ ಪೂರ್ತಿ ಬರೀ ಸದ್ದು. ಇವರು ಮಾಡಿದ್ದಾದರೂ ಏನು?

ಈ ಸಿನಿಮಾಗಳನ್ನು ಮೊದಲ ಸಲ ನೋಡಿದ ಎಷ್ಟೋ ಜನ ಇದನ್ನೇ ಕೇಳ್ತಾರೆ. ನನಗೂ ಹಾಗೇ ಅನ್ನಿಸಿತ್ತು. ಒಂದು ಕೆಲಸ ಮಾಡಿ. ‘ಸ್ಟಾಕರ್’ನಲ್ಲಿ ಮೂವರು ರೈಲು ಹಳಿಯ ಟ್ರಾಲಿ ಮೇಲೆ ಕೂತು ‘ಝೋನ್’ ಅನ್ನೋ ನಿಷೇಧಿತ ಪ್ರದೇಶದ ಒಳಗೆ ಹೋಗುವ ದೃಶ್ಯ ಇದೆಯಲ್ಲ, ಅದನ್ನು ಹೆಡ್‌ಫೋನ್ ಹಾಕ್ಕೊಂಡು ಇನ್ನೊಂದು ಸಲ ನೋಡಿ. ಮೊದಲು ಕೇಳೋದು ಚಕ್ರದ ಟಕ್ ಟಕ್ ಸದ್ದು ಅಷ್ಟೇ. ಯಾರೂ ಮಾತಾಡಲ್ಲ, ಕ್ಯಾಮೆರಾ ಅವರ ತಲೆ, ಮುಖ ಬಿಟ್ಟು ಹೆಚ್ಚು ಕದಲಲ್ಲ. ಹೋಗ್ತಾ ಹೋಗ್ತಾ ಆ ಟಕ್ ಟಕ್‌ಗೆ ಒಂದು ಗುಂಗು ಸೇರಿಕೊಳ್ಳುತ್ತೆ, ಪ್ರತಿಧ್ವನಿ ಬರುತ್ತೆ, ಆಮೇಲೆ ಅದು ಹಳಿಯ ಸದ್ದೋ ಸಿಂಥಸೈಸರ್ ಅನ್ನೋ ಎಲೆಕ್ಟ್ರಾನಿಕ್ ವಾದ್ಯದ ಸದ್ದೋ ಗೊತ್ತೇ ಆಗಲ್ಲ. ಆರ್ತೆಮ್ಯೆವ್ ಮಾಡಿದ್ದು ಅದನ್ನೇ. ಸದ್ದು ಎಲ್ಲಿ ಸಂಗೀತ ಆಯ್ತು ಅಂತ ಬೆರಳಿಟ್ಟು ತೋರಿಸಿ ನೋಡೋಣ. ನನಗಂತೂ ಇವತ್ತಿಗೂ ಆಗಿಲ್ಲ.

ಆರ್ತೆಮ್ಯೆವ್ ಹುಟ್ಟಿದ್ದು 1937ರಲ್ಲಿ, ಸೈಬೀರಿಯಾದ ನೊವೊಸಿಬಿರ್ಸ್ಕ್‌ನಲ್ಲಿ. ಮಾಸ್ಕೋ ಕನ್ಸರ್ವೇಟರಿ ಅನ್ನೋ ಸಂಗೀತ ಕಾಲೇಜಿನಲ್ಲಿ ಓದು ಮುಗಿಸಿದ್ದು 1960ರಲ್ಲಿ. ಆ ಹೊತ್ತಿಗೆ ಸಿಕ್ಕವರು ಯೆವ್ಗೇನಿ ಮುರ್ಜಿನ್ ಎಂಬ ಎಂಜಿನಿಯರ್. ಇವರು ವರ್ಷಗಟ್ಟಲೆ ಕೂತು, ತಮ್ಮ ಮೆಚ್ಚಿನ ಸಂಗೀತಗಾರ ಅಲೆಕ್ಸಾಂಡರ್ ನಿಕೊಲಾಯೆವಿಚ್ ಸ್ಕ್ರಿಯಾಬಿನ್ ಹೆಸರಿನ ಮೊದಲಕ್ಷರಗಳಲ್ಲಿ ‘ಎಎನ್‌ಎಸ್’ ಅನ್ನೋ, ಸಂಗೀತದ ಸದ್ದು ಹುಟ್ಟಿಸುವ ಯಂತ್ರ ಕಟ್ಟಿದ್ದರು.

ಈ ಯಂತ್ರದ ಬಗ್ಗೆ ಸ್ವಲ್ಪ ಹೇಳಲೇಬೇಕು, ಯಾಕಂದ್ರೆ ಅದಕ್ಕೆ ಕೀಬೋರ್ಡೇ ಬೇಕಿಲ್ಲ! ಒಂದು ಗಾಜಿನ ಹಲಗೆ, ಅದರ ಮೇಲೆ ಒಣಗದ ಕಪ್ಪು ಲೇಪ. ಚೂಪಾದ ಮೊನೆಯಿಂದ ಅದರ ಮೇಲೆ ಗೀಚಬೇಕು. ಗೀಚಿದ ಕಡೆ ಬೆಳಕು ತೂರಿ ಬರುತ್ತೆ, ಆ ಬೆಳಕೇ ಸದ್ದಾಗುತ್ತೆ. ಗೆರೆ ಮೇಲಿದ್ದರೆ ತಾರ, ಕೆಳಗಿದ್ದರೆ ಮಂದ್ರ. ಓರೆ ಗೆರೆ ಎಳೆದರೆ ಸ್ವರ ನಮ್ಮ ಜಾರು ಗಮಕದ ಹಾಗೆ ಜಾರುತ್ತೆ. ಹಿಡಿಸಲಿಲ್ಲವಾ, ಲೇಪ ಸವರಿ ಮುಚ್ಚಿ ಮತ್ತೆ ಗೀಚಿ. ಹಾರ್ಮೋನಿಯಂನಲ್ಲಿ ಒಂದು ಸ್ಥಾಯಿಗೆ 12 ಮನೆ ಅಲ್ವಾ, ಇದರಲ್ಲಿ 72. ಒಟ್ಟು 720 ಸ್ವರ. ಸಂಗೀತವನ್ನು ಬರೆದು ಬೇರೆಯವರ ಕೈಲಿ ನುಡಿಸೋ ಬದಲು, ಸದ್ದನ್ನೇ ಕೈಯಾರೆ ತಿದ್ದುವ ಅಭ್ಯಾಸ ಆರ್ತೆಮ್ಯೆವ್‌ರಿಗೆ ಇಲ್ಲಿ ಬಂತು ಅಂತ ನನ್ನ ನಂಬಿಕೆ.

‘ಸೋಲಾರಿಸ್’ (1972) ಮಾಡುವಾಗ ತರ್ಕೋವ್‌ಸ್ಕಿಗೆ ಮೊದಲು ಸಂಗೀತವೇ ಬೇಡ ಅನ್ನಿಸಿತ್ತು. ಸುತ್ತಲಿನ ಸದ್ದುಗಳನ್ನೇ ಸಂಗೀತದ ಹಾಗೆ ಜೋಡಿಸಿಕೊಡಿ ಅಂತ ಆರ್ತೆಮ್ಯೆವ್‌ರನ್ನು ಕೇಳಿದರು. ಅದಕ್ಕೆ ವಾದ್ಯಗಳನ್ನು ಮೆಲ್ಲಗೆ, ಕಾಣದ ಹಾಗೆ ಸೇರಿಸೋಣ ಅಂದವರು ಆರ್ತೆಮ್ಯೆವ್. ಅಲ್ಲಿ ನಿಮಗೆ ಸ್ಪಷ್ಟವಾಗಿ ಕೇಳೋ ಆರ್ಗನ್ ರಾಗ ಜರ್ಮನಿಯ ಹಳೆಯ ಕಾಲದ ಸಂಗೀತಗಾರ ಬಾಖ್‌ನದ್ದು. ಟೋಕಿಯೊದ ರಸ್ತೆಗಳಲ್ಲಿ ಕಾರು ಓಡುತ್ತಲೇ ಇರುವ ಆ ಉದ್ದದ ದೃಶ್ಯದಲ್ಲಿ ಟ್ರಾಫಿಕ್ ಸದ್ದು ಉಬ್ಬಿ ಉಬ್ಬಿ ಬೇರೇನೋ ಆಗೋದು ಆರ್ತೆಮ್ಯೆವ್‌ರ ಕೈಚಳಕ. ಆಮೇಲೆ ಇಬ್ಬರೂ ಸೇರಿ ‘ಮಿರರ್’ (1975) ಮಾಡಿದರು.

ಇನ್ನು ‘ಸ್ಟಾಕರ್’ (1979). ಇದರಲ್ಲಿ ಟ್ಯೂನ್ ಇದೆ, ಟೈಟಲ್ ಬರುವಾಗಲೇ ಇದೆ. ಪೂರ್ವ ಪಶ್ಚಿಮ ಎರಡೂ ಒಟ್ಟಿಗಿರುವ ಸಂಗೀತ ಬೇಕು ಅಂತ ತರ್ಕೋವ್‌ಸ್ಕಿ ಕೇಳಿದ್ದರು. ಮೊದಲ ಪ್ರಯತ್ನ ಸರಿಬರಲಿಲ್ಲ. ಕೊನೆಗೆ ಅಜರ್‌ಬೈಜಾನ್ ಕಡೆಯ ‘ತಾರ್’ ಅನ್ನೋ ತಂತಿವಾದ್ಯ, ಜೊತೆಗೆ ಕೊಳಲು, ಹಿಂದೆ ಎಲೆಕ್ಟ್ರಾನಿಕ್ ನಾದ. ಆ ಹಿನ್ನೆಲೆಗೆ ಪ್ರೇರಣೆ ಭಾರತೀಯ ಸಂಗೀತ. ತಂಬೂರಿ ಕೇಳಿ ಬೆಳೆದ ಕಿವಿಗೆ ಅದು ಪರಕೀಯ ಅನ್ನಿಸೋದೇ ಇಲ್ಲ, ಕೇಳಿ ನೋಡಿ.

ಹಾಗಂತ ಆರ್ತೆಮ್ಯೆವ್ ಅಂದ್ರೆ ಇಷ್ಟೇ ಅಂದ್ಕೋಬೇಡಿ. ರಷ್ಯಾದಲ್ಲಿ ಜಾಸ್ತಿ ಜನಕ್ಕೆ ಅವರು ಗೊತ್ತಿರೋದು ಗುನುಗುವ ರಾಗಗಳಿಂದಲೇ. ನಿರ್ದೇಶಕ ನಿಕಿತಾ ಮಿಖಾಲ್ಕೋವ್‌ರ ‘ಅಟ್ ಹೋಮ್ ಅಮಾಂಗ್ ಸ್ಟ್ರೇಂಜರ್ಸ್’ (1974) ಚಿತ್ರದ ಟ್ರಂಪೆಟ್ ಒಂದು ಸಲ ಕಿವಿಗೆ ಬಿದ್ದರೆ ದಿನವೆಲ್ಲಾ ಬಿಡಲ್ಲ. ಆಸ್ಕರ್ ಗೆದ್ದ ‘ಬರ್ನ್ಟ್ ಬೈ ದ ಸನ್’ (1994) ಕೂಡ ಅವರದ್ದೇ. ಮಿಖಾಲ್ಕೋವ್‌ರ ಅಣ್ಣ ಆಂದ್ರೇ ಕೊಂಚಲೋವ್‌ಸ್ಕಿಗೆ ‘ಸಿಬಿರಿಯಾಡ್’ (1979) ಮಾಡಿಕೊಟ್ಟರು. ಆಮೇಲೆ ದಾಸ್ತೋವ್‌ಸ್ಕಿಯ ‘ಕ್ರೈಮ್ ಅಂಡ್ ಪನಿಷ್‌ಮೆಂಟ್’ ಇಟ್ಟುಕೊಂಡು ಒಂದು ಒಪೆರಾ ಸಹ ಬರೆದರು.

2022ರ ಡಿಸೆಂಬರ್ 29ರಂದು, 85ನೇ ವಯಸ್ಸಿನಲ್ಲಿ ಮಾಸ್ಕೋದಲ್ಲಿ ತೀರಿಕೊಂಡರು. ಆ ಗಾಜಿನ ಹಲಗೆಯ ಯಂತ್ರ ಅದೇ ಊರಿನ ಸಂಗೀತ ಮ್ಯೂಸಿಯಂನಲ್ಲಿದೆ. ನೀವು ಮೊದಲು ಆ ಟ್ರಂಪೆಟ್ ಕೇಳಿ, ಆಮೇಲೆ ಟ್ರಾಲಿ ದೃಶ್ಯಕ್ಕೆ ಹೋಗಿ. ಎರಡೂ ಒಬ್ಬರದ್ದೇ.