ಹುತ್ತರಿಯ ರೋಹಿಣಿಗೆ ‘ಕೆ’ ಅಕ್ಷರ ಬಂದದ್ದು ಹೇಗೆ?

ಕೊಡಗಿನ ಸುಗ್ಗಿ ಹಬ್ಬ ಹುತ್ತರಿಯ ರಾತ್ರಿ ಕದಿರು ತೆಗೆಯಲು ಗದ್ದೆಗೆ ಇಳಿದಾಗ ಚಂದ್ರನ ಆಸುಪಾಸು ಒಮ್ಮೆ ಕಣ್ಣು ಹಾಯಿಸಿ. ಕಕ್ಕಬ್ಬೆಯ ಪಾಡಿ ಇಗ್ಗುತ್ತಪ್ಪನ ಸನ್ನಿಧಿಯಲ್ಲಿ ಹುತ್ತರಿಗೆ ಮುಹೂರ್ತ ಇಡುವುದೇ ರೋಹಿಣಿ ನಕ್ಷತ್ರ ನೋಡಿ. ಹಾಗಾಗಿ ಆ ರಾತ್ರಿ ರೋಹಿಣಿ ಚಂದ್ರನಿಂದ ದೂರ ಇರುವುದಿಲ್ಲ. ಬೆಳದಿಂಗಳು ಜಾಸ್ತಿ ಅನಿಸಿದರೆ ಅಂಗೈ ಅಡ್ಡ ಹಿಡಿದು ಚಂದ್ರನನ್ನು ಮರೆ ಮಾಡಿ. ಹಣ್ಣಾಗುತ್ತಿರುವ ಕೊಡಗಿನ ಕಿತ್ತಳೆಯ ಬಣ್ಣದ ಒಂದು ಚುಕ್ಕಿ ಕಾಣುತ್ತದೆ. ಅದೇ ರೋಹಿಣಿ.

ಖಗೋಳ ವಿಜ್ಞಾನಿಗಳು ಅದನ್ನು ‘ಕೆ5’ ಅನ್ನುತ್ತಾರೆ. ನಮ್ಮ ಸೂರ್ಯ ‘ಜಿ2’. ಲುಬ್ಧಕ (ಸಿರಿಯಸ್) ‘ಎ1’. ಕಾಫಿಗೆ ಎಎ, ಎ, ಬಿ, ಪಿಬಿ ಎಂದು ಗ್ರೇಡ್ ಹಾಕುವುದು ನಮಗೆ ಹೊಸದಲ್ಲ. ಅಲ್ಲಿ ಜರಡಿ ಇದೆ, ಬೀಜದ ಗಾತ್ರ ನೋಡಿದರೆ ಆಯಿತು. ನಕ್ಷತ್ರವನ್ನು ಯಾವ ಜರಡಿಗೆ ಹಾಕುವುದು? ಅದರಿಂದ ನಮ್ಮ ಕೈಗೆ ಸಿಗುವುದು ಬೆಳಕು ಒಂದೇ.

ಆ ಬೆಳಕನ್ನು ಪಟ್ಟಕದಲ್ಲಿ ಹಾಯಿಸಿದರೆ ಬಣ್ಣಗಳ ಪಟ್ಟಿ ಬರುತ್ತದೆ. 1814ರಲ್ಲಿ ಜರ್ಮನಿಯ ಫ್ರಾನ್‌ಹೋಫರ್ ಸೂರ್ಯನ ಪಟ್ಟಿಯಲ್ಲಿ ನೂರಾರು ಕಪ್ಪು ಗೆರೆಗಳನ್ನು ಕಂಡ. ಅವು ಏನು ಎಂದು ತಿಳಿಯಲು 1859 ಬರಬೇಕಾಯಿತು. ಬಚ್ಚಲೊಲೆಯ ಬೆಂಕಿಗೆ ಒಂದು ಚಿಟಿಕೆ ಉಪ್ಪು ಎಸೆದು ನೋಡಿ. ಜ್ವಾಲೆ ಗಾಢ ಹಳದಿಯಾಗಿ ಹೊತ್ತುತ್ತದೆ. ಅದು ಉಪ್ಪಿನಲ್ಲಿರುವ ಸೋಡಿಯಂನ ಬಣ್ಣ. ಸೂರ್ಯನ ಪಟ್ಟಿಯಲ್ಲಿ ಸರಿಯಾಗಿ ಅದೇ ಜಾಗದಲ್ಲಿ ಕಪ್ಪು ಗೆರೆ ಇದೆ. ಅಂದರೆ ಸೂರ್ಯನ ಮೇಲ್ಪದರದ ಸೋಡಿಯಂ ಆ ಹಳದಿಯನ್ನು ನುಂಗಿದೆ. ಒಂದೊಂದು ಧಾತುವಿಗೂ ಅದರದ್ದೇ ಗೆರೆಗಳು ಎಂದು ಕಿರ್ಕಾಫ್ ಮತ್ತು ಬುನ್ಸೆನ್ ತೋರಿಸಿದರು.

ಆಮೇಲಿನ ಕಥೆ ಅಮೆರಿಕದ ಹಾರ್ವರ್ಡ್ ವೀಕ್ಷಣಾಲಯದ್ದು. ನನಗೆ ಇದರಲ್ಲಿ ಅತಿ ಇಷ್ಟವಾದ ಭಾಗವೂ ಅದೇ. ನಕ್ಷತ್ರದ ಗೆರೆಗಳ ಫೋಟೋ ಮೊದಲು ತೆಗೆದ ಹೆನ್ರಿ ಡ್ರೇಪರ್ 1882ರಲ್ಲಿ ತೀರಿಕೊಂಡರು. ಅವರ ನೆನಪಿಗೆ ಹೆಂಡತಿ ಆನಾ ಕೊಟ್ಟ ಹಣದಲ್ಲಿ ದೊಡ್ಡ ಕೆಲಸ ಶುರುವಾಯಿತು. ಗಾಜಿನ ಫಲಕಗಳ ಮೇಲೆ ಸಾವಿರಾರು ನಕ್ಷತ್ರಗಳ ಗೆರೆಗಳು ಮೂಡಿದವು. ಅವನ್ನು ಕೂತು ವಿಂಗಡಿಸಿದವರು ಹೆಂಗಸರು. ವಿಲಿಯಮಿನಾ ಫ್ಲೆಮಿಂಗ್ ಮೊದಲು ಅಲ್ಲಿನ ನಿರ್ದೇಶಕ ಪಿಕರಿಂಗ್ ಅವರ ಮನೆಗೆಲಸಕ್ಕಿದ್ದವರು. 1890ರಲ್ಲಿ ಬಂದ ಪಟ್ಟಿಗೆ 10,000ಕ್ಕೂ ಹೆಚ್ಚು ನಕ್ಷತ್ರಗಳನ್ನು ವಿಂಗಡಿಸಿದ್ದರಲ್ಲಿ ಹೆಚ್ಚಿನ ಪಾಲು ಅವರದ್ದು. ಹೈಡ್ರೋಜನ್ ಗೆರೆ ತುಂಬಾ ದಪ್ಪ ಇದ್ದರೆ ಎ, ಆಮೇಲೆ ಬಿ, ಹೀಗೆ ಅಕ್ಷರಮಾಲೆ ಹಿಡಿದು ಹೋದರು.

ಆನಿ ಜಂಪ್ ಕ್ಯಾನನ್ ಬಂದು ಇದನ್ನು ಮತ್ತೆ ಜಾಲಾಡಿದರು. ಅವರಿಗೆ ಕಿವಿ ಸರಿಯಾಗಿ ಕೇಳುತ್ತಿರಲಿಲ್ಲ, ಕಣ್ಣು ಮಾತ್ರ ಬಹಳ ಚುರುಕು. ಬೇಡದ ಅಕ್ಷರಗಳನ್ನು ತೆಗೆದರು. ಉಳಿದವನ್ನು ಎಲ್ಲ ಗೆರೆಗಳೂ ಒಂದರಿಂದ ಒಂದಕ್ಕೆ ನಯವಾಗಿ ಬದಲಾಗುವಂತೆ ಜೋಡಿಸಿದರು. ಬಂದ ಸಾಲು: ಓ, ಬಿ, ಎ, ಎಫ್, ಜಿ, ಕೆ, ಎಂ. ಅಕ್ಷರದ ಪಕ್ಕದ ಅಂಕಿ, ಕೆ5ರ 5ರ ಹಾಗೆ, ಒಂದು ಅಕ್ಷರದಿಂದ ಮುಂದಿನದರ ಕಡೆಗೆ ಎಷ್ಟು ಸರಿದಿದೆ ಎಂಬ ಗುರುತು. ಅಕ್ಷರಗಳು ಹಿಂದುಮುಂದಾದರೂ ಹಾಗೇ ಉಳಿದವು. 1918ರಿಂದ 1924ರವರೆಗೆ ಹೊರಬಂದ ಸಂಪುಟಗಳಲ್ಲಿ ಅವರು ಗುರುತು ಹಾಕಿದ ನಕ್ಷತ್ರಗಳು 2,25,300. ಇಷ್ಟನ್ನೂ ಒಂದೇ ಜೋಡಿ ಕಣ್ಣು ನೋಡಿದ್ದು!

ಆದರೆ ಈ ಸಾಲು ಏಕೆ ಹೀಗೆ? ಉತ್ತರ ಬಂದದ್ದು ನಮ್ಮ ಕಡೆಯಿಂದ. ಢಾಕಾ ಹತ್ತಿರದ ಹಳ್ಳಿಯ ಸಣ್ಣ ಅಂಗಡಿಯವರ ಮಗ ಮೇಘನಾದ ಸಾಹಾ, 1920ರಲ್ಲಿ ಅದರ ಲೆಕ್ಕ ಬಿಡಿಸಿದರು. ನಮಗೆ ಕಾಣುವ ಹೈಡ್ರೋಜನ್ ಗೆರೆ ಮೂಡಬೇಕಾದರೆ ಪರಮಾಣುವಿನ ಎಲೆಕ್ಟ್ರಾನ್ ಒಂದು ಮೆಟ್ಟಿಲು ಮೇಲೆ ಹತ್ತಿ ಕೂತಿರಬೇಕು. ನಕ್ಷತ್ರ ತಣ್ಣಗಿದ್ದರೆ ಅದು ಕೆಳಗೇ ಇರುತ್ತದೆ. ವಿಪರೀತ ಬಿಸಿಯಾದರೆ ಪರಮಾಣುವನ್ನೇ ಬಿಟ್ಟು ಹೋಗುತ್ತದೆ. 10,000 ಡಿಗ್ರಿಯ ಹತ್ತಿರ ಹದವಾಗಿ ಕೂರುತ್ತದೆ. ಅದಕ್ಕೇ ‘ಎ’ ನಕ್ಷತ್ರಗಳಲ್ಲಿ ಆ ಗೆರೆ ದಪ್ಪ. ಕ್ಯಾನನ್ ಕಣ್ಣಳತೆಯಲ್ಲಿ ಹಾಕಿದ ಸಾಲು ನಿಜಕ್ಕೂ ಬಿಸಿಯಿಂದ ತಂಪಿಗೆ ಇಳಿಯುವ ಸಾಲು.

ಸಾಹಾ ಸೂತ್ರ ಹಿಡಿದು 1925ರಲ್ಲಿ ಹಾರ್ವರ್ಡ್‌ನ ಸಿಸಿಲಿಯಾ ಪೇನ್ ಇನ್ನೂ ಮುಂದೆ ಹೋದರು. ನಕ್ಷತ್ರಗಳಲ್ಲಿ ಇರುವುದು ಬಹುಪಾಲು ಹೈಡ್ರೋಜನ್ ಎಂದು ಅವರ ಲೆಕ್ಕ ಹೇಳಿತು. ಆಗಿನ ಹೆಸರಾಂತ ಖಗೋಳ ವಿಜ್ಞಾನಿ ಹೆನ್ರಿ ನಾರಿಸ್ ರಸೆಲ್ ಅದು ಸಾಧ್ಯವೇ ಇಲ್ಲ ಅಂದರು. ಪೇನ್ ತಮ್ಮ ಪ್ರಬಂಧದಲ್ಲೇ ಆ ಫಲಿತಾಂಶ ನಿಜವಿರಲಾರದು ಎಂದು ಬರೆಯಬೇಕಾಯಿತು. 1929ರಲ್ಲಿ ರಸೆಲ್ ಬೇರೆ ದಾರಿಯಲ್ಲಿ ಅದೇ ಉತ್ತರಕ್ಕೆ ಬಂದರು. ಇದನ್ನು ಓದಿದಾಗಲೆಲ್ಲ ನನಗೆ ಸಂಕಟವಾಗುತ್ತದೆ.

1943ರಲ್ಲಿ ಮಾರ್ಗನ್ ಮತ್ತು ಜೊತೆಗಾರರು ಗಾತ್ರದ ಗುರುತನ್ನೂ ಸೇರಿಸಿದರು. ಉಬ್ಬಿದ ನಕ್ಷತ್ರದ ಮೇಲ್ಪದರದ ಅನಿಲ ವಿರಳ, ಹಾಗಾಗಿ ಗೆರೆಗಳೂ ಸಪೂರ. ರೋಹಿಣಿ ಹಾಗೆ ಉಬ್ಬಿದ ದೈತ್ಯ. ಸೂರ್ಯನಿಗಿಂತ 40 ಪಟ್ಟಿಗೂ ಜಾಸ್ತಿ ಅಗಲ, ಆದರೆ ಮೇಲ್ಮೈ ಬಿಸಿ ಸುಮಾರು 3,600 ಡಿಗ್ರಿ ಮಾತ್ರ. ಸೂರ್ಯನದ್ದು 5,500.

ಇನ್ನೊಂದು ಮಾತು. ರೋಹಿಣಿ ಮಳೆ, ಆರಿದ್ರಾ ಮಳೆ ಅನ್ನುತ್ತೇವಲ್ವಾ, ಆಗ ಆ ನಕ್ಷತ್ರಗಳು ಸೂರ್ಯನ ದಿಕ್ಕಿನಲ್ಲೇ ಇರುತ್ತವೆ, ಕಾಣುವುದಿಲ್ಲ. ಮೋಡ ಸರಿದ ಹುತ್ತರಿ ಕಾಲವೇ ನೋಡಲು ಒಳ್ಳೆಯದು. ಕೋವಿ ಸದ್ದು, ‘ಪೊಲಿ ಪೊಲಿ ದೇವಾ’ ಎಲ್ಲ ಮುಗಿದ ಮೇಲೆ, ರಾತ್ರಿ ಹನ್ನೊಂದರ ಹೊತ್ತಿಗೆ ಅಂಗಳದಲ್ಲಿ ಪೂರ್ವಕ್ಕೆ ಮುಖ ಮಾಡಿ ನಿಲ್ಲಿ. ಎತ್ತರದಲ್ಲಿ ಕಿತ್ತಳೆ ರೋಹಿಣಿ, ಅದು ಕೆ. ಅದರ ಕೆಳಗೆ ಕೆಂಪಗಿನ ಆರಿದ್ರಾ, ಅದು ಎಂ. ಇನ್ನೂ ಕೆಳಗೆ, ಬಲಗಡೆಗೆ ಬೆಳ್ಳಗೆ ಮಿನುಗುವ ಲುಬ್ಧಕ, ಅದು ಎ.