ಮೂರ್ತಿಯವರ ಎರಡು ಕನ್ನಡಿ

"ಸಾರ್, ಆ ಬೆಳಕಿನ ಕಂಬ ನಮ್ಮ ಸೀನಿಗೂ ಬೇಕು." ಕ್ಯಾಮೆರಾಮನ್ ಆದ ನನಗೆ ನಿರ್ದೇಶಕರು ಹೀಗಂದರೆ ಹಿಂದಿನ ರಾತ್ರಿ ‘ಕಾಗಜ್ ಕೆ ಫೂಲ್’ ನೋಡಿ ಬಂದಿದ್ದಾರೆ ಅಂತಲೇ ಲೆಕ್ಕ. 1959ರ ಚಿತ್ರ, ಭಾರತದ ಮೊದಲ ಸಿನಿಮಾಸ್ಕೋಪ್, ಅಂದರೆ ಅಗಲ ಪರದೆಯ ಚಿತ್ರ. ಖಾಲಿ ಸ್ಟುಡಿಯೋ, ಮೇಲಿಂದ ಓರೆಯಾಗಿ ಇಳಿಯುವ ಬೆಳಕು, ಗುರುದತ್, ವಹೀದಾ ರೆಹಮಾನ್. ಅದನ್ನು ಕ್ಯಾಮೆರಾದಲ್ಲಿ ಹಿಡಿದವರು ನಮ್ಮ ಮೈಸೂರಿನ ಛಾಯಾಗ್ರಾಹಕ ವಿ.ಕೆ. ಮೂರ್ತಿ.

ಅದು ಲೈಟಿನ ಬೆಳಕಲ್ಲ, ಬಿಸಿಲು. ಸ್ಟುಡಿಯೋ ಹೊರಗೆ ಒಂದು ದೊಡ್ಡ ಕನ್ನಡಿ. ಅದು ಬಿಸಿಲು ಹಿಡಿದು, ಒಳಗೆ ಅಟ್ಟಣಿಗೆ ಮೇಲಿಟ್ಟ ಇನ್ನೊಂದು ಕನ್ನಡಿಗೆ ದಾಟಿಸುತ್ತದೆ. ಆ ಎರಡನೆಯದು ನೆಲಕ್ಕೆ ಇಳಿಸುತ್ತದೆ. ಗಾಳಿಯಲ್ಲಿ ಒಂದಿಷ್ಟು ಹೊಗೆ ಇದ್ದರೆ ಕಂಬ ಎದ್ದು ಕಾಣುತ್ತದೆ.

ಇಷ್ಟಕ್ಕೆಲ್ಲ ಕನ್ನಡಿ ಯಾಕೆ, ಒಂದು ದೊಡ್ಡ ಲೈಟ್ ಸಾಲದೇ? ಲೈಟಿನ ಬೆಳಕು ದೂರ ಹೋದಷ್ಟೂ ಸೆರಗಿನ ಹಾಗೆ ಹರಡುತ್ತದೆ. ಸೂರ್ಯ ಬಹಳ ದೂರ ಇರುವುದರಿಂದ ಅವನ ಕಿರಣಗಳು ಹೆಚ್ಚುಕಮ್ಮಿ ಜೊತೆಜೊತೆಗೇ, ಸಮಾನಾಂತರವಾಗಿ ಬರುತ್ತವೆ. ಕನ್ನಡಿ ಎಷ್ಟು ಅಗಲವೋ ಕಂಬವೂ ಸುಮಾರು ಅಷ್ಟೇ ಅಗಲ, ಅಂಚು ಚಾಕುವಿನಲ್ಲಿ ಕೊಯ್ದ ಹಾಗೆ.

ನಾನೂ ಒಮ್ಮೆ ಹಳೇ ಗೋದಾಮಿನಲ್ಲಿ ಇದನ್ನು ಮಾಡಲು ಹೋಗಿದ್ದೆ. ಬೆಳಕು ನಾಯಕಿಯ ಮೇಲೆ ಸರಿಯಾಗಿ ಕೂತಿತು. ಅಷ್ಟರಲ್ಲಿ ಟಚಪ್ ಬಂತು, ರಿಹರ್ಸಲ್ ಬಂತು. ಟೇಕ್ ಅನ್ನುವ ಹೊತ್ತಿಗೆ ಬೆಳಕು ಪಕ್ಕದ ಚಹಾ ಫ್ಲಾಸ್ಕಿನ ಮೇಲಿತ್ತು! ಸೂರ್ಯ ನಾಲ್ಕು ನಿಮಿಷಕ್ಕೆ ಸುಮಾರು ಒಂದು ಡಿಗ್ರಿ ಸರಿಯುತ್ತಾನೆ. 50 ಅಡಿ ಆಚೆಗೆ ಅದು ಹತ್ತು ಇಂಚಿನಷ್ಟಾಗುತ್ತದೆ. ಆಮೇಲೆ ಇಡೀ ದಿನ ಒಬ್ಬ ಹುಡುಗನಿಗೆ ಕನ್ನಡಿ ತಿರುಗಿಸುವುದೇ ಕೆಲಸ.

ಮೂರ್ತಿ ಹುಟ್ಟಿದ್ದು 1923ರಲ್ಲಿ. ಬೆಂಗಳೂರಿನ ಜಯಚಾಮರಾಜೇಂದ್ರ ಪಾಲಿಟೆಕ್ನಿಕ್‌ನಲ್ಲಿ ಕ್ಯಾಮೆರಾ ಕಲಿತು ಬೊಂಬಾಯಿಗೆ ಹೋದರು. ಪಿಟೀಲೂ ನುಡಿಸುತ್ತಿದ್ದರು. 1951ರ ‘ಬಾಜಿ’ಯಲ್ಲಿ ಇನ್ನೂ ಸಹಾಯಕ. ಅವರ ಕೈಚಳಕ ಅದರ ನಿರ್ದೇಶಕ ಗುರುದತ್ ಕಣ್ಣಿಗೆ ಬಿತ್ತು. ಮರುವರ್ಷದ ‘ಜಾಲ್’ನಿಂದ ಅವರೇ ಗುರುದತ್‌ರ ಕ್ಯಾಮೆರಾಮನ್.

ನನಗೆ ಕಂಬಕ್ಕಿಂತ ಜಾಸ್ತಿ ಇಷ್ಟ 1962ರ ‘ಸಾಹಿಬ್ ಬೀಬಿ ಔರ್ ಗುಲಾಮ್’ನ ಮುಜ್ರಾ ಹಾಡು. ನಡುವೆ ಕುಣಿಯುವ ಮೀನೂ ಮುಮ್ತಾಜ್ ಮೇಲೆ ಬೆಳಕು. ಸುತ್ತಲಿನ ನರ್ತಕಿಯರ ಮುಖಕ್ಕೆ ಬೆಳಕೇ ಇಲ್ಲ. ಬರೀ ನೆರಳುಗಳು ಕುಣಿಯುತ್ತವೆ. ಯಾವ ಲೈಟ್ ಹಾಕಬಾರದು ಅಂತ ಹೀಗೆ ತೀರ್ಮಾನಿಸಲು ಗುಂಡಿಗೆ ಬೇಕು. ನಿರ್ದೇಶಕನೂ ಒಪ್ಪಬೇಕು, ಅದು ಬೇರೆ ಮಾತು.

ಎಪ್ಪತ್ತರ ಹತ್ತಿರ ಬಂದಾಗ ಕನ್ನಡದ ‘ಹೂವು ಹಣ್ಣು’ ಚಿತ್ರಕ್ಕೆ ಕ್ಯಾಮೆರಾ ಹಿಡಿದರು. 2008ನೇ ಸಾಲಿನ ಫಾಲ್ಕೆ ಪ್ರಶಸ್ತಿ ಬಂದಾಗ, ಅದನ್ನು ಪಡೆದ ಮೊದಲ ಛಾಯಾಗ್ರಾಹಕ ಅವರು. 2014ರಲ್ಲಿ ಬೆಂಗಳೂರಿನಲ್ಲೇ ತೀರಿಕೊಂಡರು.

ಅಂದಹಾಗೆ, ಆ ನಿರ್ದೇಶಕರಿಗೆ ಕಂಬ ಮಾಡಿಕೊಟ್ಟೆ. ಸುತ್ತ ಎಲ್ಲ ಕತ್ತಲು ಬಿಟ್ಟಿದ್ದೆ. ಮಾನಿಟರ್ ನೋಡಿ ಒಂದು ನಿಮಿಷ ಸುಮ್ನೆ ನಿಂತರು. "ಸೂಪರ್ ಸಾರ್," ಅಂದರು. "ಆದ್ರೆ ಹೀರೋ ಮುಖ ಕಾಣ್ತಿಲ್ಲ. ಸ್ವಲ್ಪ ಫಿಲ್ ಲೈಟ್ ಹಾಕಿಬಿಡಿ."